ಒಂದೇ ಅಂಕಿತದ ಹಲವು ಒಡೆಯರು

ಕೆಲವು ವರ್ಷಗಳ ಹಿಂದೆ, ಕೊಂಡು ಆರು ತಿಂಗಳು ತುಂಬುವ ಮೊದಲೇ ಕೆಟ್ಟುಹೋದ ಒಂದು ಉಪಕರಣದ ವಿಚಾರವಾಗಿ ಅದರ ತಯಾರಕರಿಗೆ ದೀರ್ಘವಾದ ದೂರಿನ ಪತ್ರವೊಂದನ್ನು ಬರೆದಿದ್ದೆ. ರಸೀದಿಯ ಸಂಖ್ಯೆ, ಕೊಂಡ ದಿನಾಂಕ, ದೋಷ ಮೊದಲು ಕಾಣಿಸಿಕೊಂಡ ರೀತಿ, ಎಲ್ಲವೂ ಅದರಲ್ಲಿತ್ತು. ನಾಲ್ಕನೆಯ ದಿನ ಬಂದ ಉತ್ತರದಲ್ಲಿ ಮೂರೇ ಸಂಗತಿಗಳಿದ್ದವು: ನಾನು ಹೇಳುತ್ತಿರುವ ವಸ್ತುವನ್ನು ಅವರು ತಯಾರಿಸುವುದಿಲ್ಲ, ಅದನ್ನು ತಯಾರಿಸುವ ಸಂಸ್ಥೆಯ ಹೆಸರೂ ತಮ್ಮ ಹೆಸರೂ ಒಂದೇ ಆಗಿದ್ದರೂ ತಮಗೂ ಆ ಸಂಸ್ಥೆಗೂ ಯಾವ ಸಂಬಂಧವೂ ಇಲ್ಲ, ಆ ಸಂಸ್ಥೆಯ ವಿಳಾಸ ಇಂಥದ್ದು. ಆ ಪತ್ರದಲ್ಲಿ ಸಿಡುಕು ಇರಲಿಲ್ಲ, ಅಚ್ಚರಿಯೂ ಇರಲಿಲ್ಲ. ಅದೇ ಮಾತನ್ನು ಎಷ್ಟೋ ಸಲ ಬರೆದು ಪಳಗಿದ ಕೈಯ ಬರಹ ಅದೆಂದು ಓದಿದೊಡನೆ ತಿಳಿಯುತ್ತಿತ್ತು. ತಮ್ಮದಲ್ಲದ ದೂರುಗಳನ್ನು ಸರಿಯಾದ ಬಾಗಿಲಿಗೆ ತಲುಪಿಸುವುದು ಯಾವುದೋ ಕಚೇರಿಯಲ್ಲಿ ಯಾರದೋ ದಿನನಿತ್ಯದ ಕೆಲಸವಾಗಿದೆ ಎಂಬ ಯೋಚನೆ ಅಂದು ನನ್ನೊಳಗೆ ಕೂತದ್ದು ಮತ್ತೆ ಏಳಲಿಲ್ಲ. ಅಂದಿನಿಂದ, ಒಂದೇ ಹೆಸರನ್ನು ಹೊತ್ತು, ಒಂದರ ಗೊಡವೆ ಇನ್ನೊಂದಕ್ಕಿಲ್ಲದೆ ಬದುಕುವ ಸಂಸ್ಥೆಗಳು ಕಣ್ಣಿಗೆ ಬಿದ್ದಾಗಲೆಲ್ಲ ಬರೆದಿಟ್ಟುಕೊಳ್ಳುತ್ತ ಬಂದಿದ್ದೇನೆ.

ಡೆಲ್ಟಾ ಎಂಬ ಹೆಸರನ್ನೇ ತೆಗೆದುಕೊಳ್ಳಬಹುದು. ಅಮೆರಿಕದ ದೊಡ್ಡ ವಿಮಾನಯಾನ ಸಂಸ್ಥೆಗೆ ಆ ಹೆಸರು 1928ರಲ್ಲಿ ಬಂದದ್ದು ಮಿಸಿಸಿಪಿ ಡೆಲ್ಟಾ ಎಂದು ಕರೆಯಲಾಗುವ ಹತ್ತಿ ಬೆಳೆಯುವ ಸೀಮೆಯಿಂದ. ಹತ್ತಿಯ ಹೊಲಗಳ ಮೇಲೆ ಕೀಟನಾಶಕದ ಪುಡಿಯನ್ನು ಚೆಲ್ಲುವ ವಿಮಾನಗಳಿಂದ ಆ ಸಂಸ್ಥೆ ಹುಟ್ಟಿತು. ಅದೇ ದೇಶದಲ್ಲಿ 1954ರಲ್ಲಿ ಆರಂಭವಾದ ಡೆಲ್ಟಾ ನಲ್ಲಿಗಳ ಕಂಪನಿಗೆ ಆ ಸೀಮೆಯ ನಂಟೇ ಇಲ್ಲ. ಒಂದೇ ಹಿಡಿಕೆಯಿಂದ ಬಿಸಿನೀರನ್ನೂ ತಣ್ಣೀರನ್ನೂ ಹದಗೊಳಿಸುವ ನಲ್ಲಿಯೊಳಗಿನ ಒಂದು ಭಾಗ ಗ್ರೀಕ್ ಲಿಪಿಯ ಡೆಲ್ಟಾ ಅಕ್ಷರದ ಆಕಾರದಲ್ಲಿದ್ದುದೇ ಆ ಹೆಸರಿಗೆ ಕಾರಣ. ಹೊಳೆ ಕಡಲನ್ನು ಸೇರುವೆಡೆಯ ಮೆಕ್ಕಲು ಭೂಮಿಗೆ ಡೆಲ್ಟಾ ಎಂಬ ಹೆಸರು ಬಂದದ್ದೂ ಅದೇ ತ್ರಿಕೋನಾಕಾರದ ಅಕ್ಷರದಿಂದ ಎಂಬುದನ್ನು ನೆನೆದರೆ, ಒಂದು ಅಕ್ಷರ ಎರಡು ದಾರಿಗಳಲ್ಲಿ ನಡೆದು, ಒಮ್ಮೆ ಆಕಾಶಕ್ಕೂ ಒಮ್ಮೆ ಬಚ್ಚಲುಮನೆಗೂ ತಲುಪಿದ ಕಥೆ ಇದು. ಒಬ್ಬರು ಇನ್ನೊಬ್ಬರಿಂದ ಏನನ್ನೂ ಕದಿಯಲಿಲ್ಲ. ಲೋಟಸ್ ಎಂಬ ಹೆಸರಿನಲ್ಲಿ ಬೆಲ್ಜಿಯಂನಲ್ಲಿ 1932ರಿಂದ ಬಿಸ್ಕತ್ತು ತಯಾರಾಗುತ್ತಿದೆ, ಇಂಗ್ಲೆಂಡಿನಲ್ಲಿ ಅದೇ ಹೆಸರಿನ ಓಟದ ಕಾರುಗಳು ತಯಾರಾದವು, 1982ರಲ್ಲಿ ಅಮೆರಿಕದಲ್ಲಿ ಹುಟ್ಟಿದ ಲೋಟಸ್ ಎಂಬ ಸಾಫ್ಟ್‌ವೇರ್ ಕಂಪನಿ ಲೆಕ್ಕಪತ್ರದ ತಂತ್ರಾಂಶದಿಂದ ಹೆಸರಾಯಿತು. ಬಿಸ್ಕತ್ತು ತಿನ್ನುವವರು ಯಾರೂ ಅದನ್ನು ಕಾರು ತಯಾರಿಸುವವರು ಸುಟ್ಟರೆಂದು ನಂಬಿ ತಿನ್ನಲಿಲ್ಲ.

ಶಾಲೆಯ ವ್ಯಾಕರಣ ಪಾಠದಲ್ಲಿ ವಸ್ತುವಾಚಕಗಳನ್ನು ರೂಢನಾಮ, ಅಂಕಿತನಾಮ, ಅನ್ವರ್ಥನಾಮ ಎಂದು ವಿಂಗಡಿಸಿ ಕಲಿತದ್ದು ಇಲ್ಲಿ ನೆನಪಾಗುತ್ತದೆ. ರೂಢಿಯಿಂದ ಬಂದದ್ದು ರೂಢನಾಮ. ವ್ಯವಹಾರಕ್ಕಾಗಿ ಇಟ್ಟುಕೊಂಡದ್ದು ಅಂಕಿತನಾಮ. ಗುಣವನ್ನೋ ವೃತ್ತಿಯನ್ನೋ ನೋಡಿ ಕರೆದದ್ದು ಅನ್ವರ್ಥನಾಮ. ಅಂಕಿತ ಎಂದರೆ ಗುರುತು, ಮುದ್ರೆ. ಟ್ರೇಡ್‌ಮಾರ್ಕ್ ಕಾನೂನು ಬಹುಪಾಲು ಇದೇ ವಿಂಗಡಣೆಯ ಮೇಲೆ ನಿಂತಿದೆ ಎಂಬುದು ನನಗೆ ತಡವಾಗಿ ಹೊಳೆಯಿತು. ಸೇಬು ಮಾರುವವನು ತನ್ನ ಅಂಗಡಿಗೆ ಸೇಬು ಎಂದು ಹೆಸರಿಟ್ಟು ಆ ಪದ ತನ್ನದೆನ್ನಲಾರ, ಏಕೆಂದರೆ ಅಲ್ಲಿ ಅದು ಇನ್ನೂ ರೂಢನಾಮ. ಗಟ್ಟಿಯಾದ ಬೂಟುಗಳಿಗೆ ಗಟ್ಟಿ ಎಂದು ಹೆಸರಿಟ್ಟರೆ ಅದು ಅನ್ವರ್ಥನಾಮ. ಆ ಗುಣ ಎಲ್ಲ ಬೂಟುಗಳಿಗೂ ಬೇಕಾದದ್ದಾದ್ದರಿಂದ ಆ ಪದಕ್ಕೆ ಸಿಗುವ ರಕ್ಷಣೆ ತೀರ ತೆಳು. ಆದರೆ ಗಣಕಯಂತ್ರಕ್ಕೆ ಸೇಬು ಎಂದು ಹೆಸರಿಟ್ಟ ಕ್ಷಣದಲ್ಲಿ ರೂಢನಾಮವೊಂದು ಅಂಕಿತನಾಮವಾಗಿ ಬದಲಾಗುತ್ತದೆ. ಆ ಬದಲಾವಣೆ ಆ ಒಂದು ವ್ಯಾಪಾರದ ಅಂಗಳದೊಳಗೆ ಮಾತ್ರ ನಡೆಯುತ್ತದೆ ಎಂಬುದರಲ್ಲಿಯೇ ಹೆಸರು ಹಂಚಿಕೆಯ ಗುಟ್ಟು ಅಡಗಿದೆ. ಅಂಗಳದ ಹೊರಗೆ ಸೇಬು ಸೇಬಾಗಿಯೇ ಉಳಿಯುತ್ತದೆ; ಇನ್ನೊಬ್ಬರು ಇನ್ನೊಂದು ಅಂಗಳದಲ್ಲಿ ಅದನ್ನೇ ಮತ್ತೆ ಅಂಕಿತ ಮಾಡಿಕೊಳ್ಳಬಹುದು. ನಮ್ಮ ಮಾತಿನಲ್ಲಿ ನಾನಾರ್ಥ ಪದಗಳು ಬದುಕುವುದೂ ಹೀಗೆಯೇ. ನೆರೆ ಬಂತು ಎಂದರೆ ಹೊಳೆಯ ನೀರು, ನೆರೆಯವರು ಬಂದರು ಎಂದರೆ ಪಕ್ಕದ ಮನೆಯ ಜನ; ಈ ಎರಡು ಮಾತುಗಳನ್ನು ಕೇಳಿ ಗಾಬರಿಯಾಗುವ ಕನ್ನಡಿಗರಿಲ್ಲ, ಏಕೆಂದರೆ ಅರ್ಥ ಪದದೊಳಗೆ ಒಂಟಿಯಾಗಿ ಕೂತಿರುವುದಿಲ್ಲ, ಸುತ್ತಲಿನ ಮಾತಿನಲ್ಲಿ ಹರಡಿಕೊಂಡಿರುತ್ತದೆ.

ಈ ಅಂಗಳಗಳಿಗೆ ಕಾನೂನು ಎಣಿಕೆಯನ್ನೂ ಕೊಟ್ಟಿದೆ. ಫ್ರಾನ್ಸಿನ ನೀಸ್ ನಗರದಲ್ಲಿ 1957ರಲ್ಲಿ ಆದ ಒಪ್ಪಂದದಿಂದ ಬಂದ ವರ್ಗೀಕರಣದಲ್ಲಿ ಇಂದು 45 ವರ್ಗಗಳಿವೆ. 34 ಸರಕುಗಳಿಗೆ, 11 ಸೇವೆಗಳಿಗೆ. ಸಾಬೂನು 3ನೆಯ ವರ್ಗ, ಚಾಕೊಲೇಟ್ 30ನೆಯದು, ನಲ್ಲಿ 11ನೆಯದು, ವಿಮಾನಯಾನ 39ನೆಯದು. ಡವ್ ಎಂಬ ಸಾಬೂನು 1957ರಲ್ಲಿ ಅಮೆರಿಕದ ಮಾರುಕಟ್ಟೆಗೆ ಬಂತು. ಅದಕ್ಕೂ ಒಂದು ವರ್ಷ ಮೊದಲು ಷಿಕಾಗೋದ ಮಿಠಾಯಿ ತಯಾರಕರೊಬ್ಬರು ಚಾಕೊಲೇಟ್ ಹೊದಿಸಿದ ಐಸ್‌ಕ್ರೀಮಿಗೆ ಅದೇ ಪಾರಿವಾಳದ ಹೆಸರಿಟ್ಟಿದ್ದರು. ಸಾಬೂನು ಯೂನಿಲಿವರ್ ಸಂಸ್ಥೆಯದು, ಚಾಕೊಲೇಟ್ 1986ರಿಂದ ಮಾರ್ಸ್ ಸಂಸ್ಥೆಯದು. ಮಾರ್ಸ್ ಬ್ರಿಟನ್ನಿನಲ್ಲಿ ತನ್ನ ಇದೇ ಬಗೆಯ ಚಾಕೊಲೇಟನ್ನು ಗ್ಯಾಲಕ್ಸಿ ಎಂಬ ಹೆಸರಿನಲ್ಲಿ ಮಾರುತ್ತದೆ. ಆ ಹೆಸರಿಗಾದರೂ ಒಬ್ಬನೇ ಒಡೆಯನಿದ್ದಾನೆಯೇ ಎಂದರೆ, ಅದೇ ಗ್ಯಾಲಕ್ಸಿ ಎಂಬುದು ಸ್ಯಾಮ್‌ಸಂಗ್ ಸಂಸ್ಥೆಯ ಫೋನು, ಫೋರ್ಡ್ ಸಂಸ್ಥೆ 2023ರವರೆಗೆ ತಯಾರಿಸಿದ ಒಂದು ಕಾರು, ಲಾಸ್ ಏಂಜಲೀಸ್‌ನ ಒಂದು ಫುಟ್‌ಬಾಲ್ ತಂಡ. ಒಂದು ಹೆಸರಿನ ಬಾಲ ಹಿಡಿದು ಹೊರಟರೆ ಇನ್ನೊಂದರ ಮನೆಗೆ ತಲುಪುವ ಈ ಸರಪಳಿಯನ್ನು ನೋಡುವಾಗ ನನಗೆ ಸಂತೋಷವಾಗುತ್ತದೆ. ಭಾಷೆಯೊಂದರಲ್ಲಿ ಎಲ್ಲರಿಗೂ ಇಷ್ಟವಾಗುವ, ಸಣ್ಣದಾದ, ಉಚ್ಚರಿಸಲು ಸುಲಭವಾದ ಪದಗಳು ಎಣಿಕೆಗೆ ಸಿಗುವಷ್ಟೇ ಇವೆ, ವ್ಯಾಪಾರಗಳು ಲೆಕ್ಕವಿಲ್ಲದಷ್ಟಿವೆ. ಹಂಚಿಕೊಳ್ಳದೆ ಬೇರೆ ದಾರಿಯಿಲ್ಲ.

ಆದರೆ ಅಂಗಳಗಳ ಬೇಲಿ ನಿಂತಲ್ಲಿ ನಿಲ್ಲುವುದಿಲ್ಲ. ಇದನ್ನು ಆ್ಯಪಲ್ ಎಂಬ ಹೆಸರಿನ ಚರಿತ್ರೆಯಷ್ಟು ಸ್ಪಷ್ಟವಾಗಿ ಬೇರಾವುದೂ ತೋರಿಸುವುದಿಲ್ಲ ಎಂದು ನನ್ನ ಭಾವನೆ. ಬೀಟಲ್ಸ್ ಸಂಗೀತ ತಂಡ 1968ರಲ್ಲಿ ಲಂಡನ್ನಿನಲ್ಲಿ ಆರಂಭಿಸಿದ ಆ್ಯಪಲ್ ಕೋರ್ ಸಂಸ್ಥೆಯ ಧ್ವನಿಮುದ್ರಿಕೆಗಳ ಒಂದು ಮಗ್ಗುಲಿನಲ್ಲಿ ಇಡೀ ಹಸಿರು ಸೇಬು, ಇನ್ನೊಂದು ಮಗ್ಗುಲಿನಲ್ಲಿ ಕತ್ತರಿಸಿದ ಅರ್ಧ ಸೇಬು ಇರುತ್ತಿತ್ತು. ಎಂಟು ವರ್ಷಗಳ ನಂತರ, 1976ರಲ್ಲಿ, ಕ್ಯಾಲಿಫೋರ್ನಿಯಾದಲ್ಲಿ ಆ್ಯಪಲ್ ಕಂಪ್ಯೂಟರ್ ಹುಟ್ಟಿತು. 1978ರಲ್ಲಿ ಸಂಗೀತದ ಸೇಬು ಗಣಕದ ಸೇಬಿನ ಮೇಲೆ ದಾವೆ ಹೂಡಿತು. 1981ರಲ್ಲಿ 80,000 ಡಾಲರುಗಳ ಸಂದಾಯದೊಂದಿಗೆ ರಾಜಿಯಾಯಿತು. ರಾಜಿಯ ಷರತ್ತು ಸರಳವಾಗಿತ್ತು: ಗಣಕದವರು ಸಂಗೀತದ ವ್ಯಾಪಾರಕ್ಕೆ ಬರಬಾರದು, ಸಂಗೀತದವರು ಗಣಕದ ವ್ಯಾಪಾರಕ್ಕೆ ಹೋಗಬಾರದು. ಆ ದಿನ ಆ ಕಾಗದಕ್ಕೆ ಸಹಿ ಹಾಕಿದವರಿಗೆ ಇವೆರಡೂ ಎಂದೂ ಸಂಧಿಸದ ಸಮಾನಾಂತರ ರೇಖೆಗಳಂತೆ ಕಂಡಿರಬೇಕು. ಗಣಕಯಂತ್ರವೊಂದು ಹಾಡತೊಡಗೀತೆಂದು ಅವರು ಊಹಿಸದಿದ್ದರೆ ಅದು ಅವರ ತಪ್ಪಲ್ಲ.

ಹತ್ತು ವರ್ಷದೊಳಗೆ ಗಣಕಗಳು ಸಂಗೀತದ ಸ್ವರಗಳನ್ನು ನುಡಿಸಲು ಕಲಿತವು, ಮತ್ತೆ ಮೊಕದ್ದಮೆ ನಡೆಯಿತು, 1991ರಲ್ಲಿ ಸುಮಾರು 2.65 ಕೋಟಿ ಡಾಲರುಗಳಿಗೆ ಮತ್ತೆ ರಾಜಿಯಾಯಿತು. ಈ ಸಲದ ಒಪ್ಪಂದದ ಬೇಲಿ ಇನ್ನಷ್ಟು ಸೂಕ್ಷ್ಮವಾಗಿತ್ತು: ಸಂಗೀತವೇ ಮುಖ್ಯ ಹೂರಣವಾದ ಕೃತಿಗಳಿಗೆ ಆ ಹೆಸರು ಬೀಟಲ್ಸ್ ಸಂಸ್ಥೆಯದು, ಆ ಸಂಗೀತವನ್ನು ನುಡಿಸುವ, ತಲುಪಿಸುವ ಸಾಧನಗಳಿಗೂ ಸೇವೆಗಳಿಗೂ ಆ ಹೆಸರು ಗಣಕ ಸಂಸ್ಥೆಯದು. 2003ರಲ್ಲಿ ಗಣಕ ಸಂಸ್ಥೆ ಅಂತರ್ಜಾಲದಲ್ಲಿ ಹಾಡುಗಳ ಅಂಗಡಿಯನ್ನೇ ತೆರೆದಾಗ ಆ ಸೂಕ್ಷ್ಮ ಬೇಲಿಯ ಪರೀಕ್ಷೆಯಾಯಿತು. ಹಾಡು ಮಾರುವುದು ಹಾಡನ್ನು ತಲುಪಿಸುವುದೇ, ಅಥವಾ ಹಾಡಿನ ವ್ಯಾಪಾರವೇ? 2006ರಲ್ಲಿ ಲಂಡನ್ನಿನ ನ್ಯಾಯಾಲಯ, ಆ ಚಿಹ್ನೆ ಅಂಗಡಿಯ ಗುರುತೇ ಹೊರತು ಒಳಗಿರುವ ಹಾಡುಗಳ ಗುರುತಲ್ಲ ಎಂದು ಗಣಕ ಸಂಸ್ಥೆಯ ಪರವಾಗಿ ತೀರ್ಪು ಕೊಟ್ಟಿತು. ಮರುವರ್ಷವೇ ಇಬ್ಬರೂ ಹೊಸ ಒಪ್ಪಂದಕ್ಕೆ ಬಂದರು: ಆ್ಯಪಲ್ ಹೆಸರಿನ ಎಲ್ಲ ಹಕ್ಕುಗಳೂ ಗಣಕ ಸಂಸ್ಥೆಗೆ ಸೇರಿದವು, ಬೀಟಲ್ಸ್ ಸಂಸ್ಥೆಗೆ ಅವುಗಳಲ್ಲಿ ಕೆಲವನ್ನು ಬಳಸುವ ಅನುಮತಿ ಮರಳಿ ದೊರೆಯಿತು. ಯಾರು ಮೊದಲು ಆ ಹೆಸರಿಟ್ಟುಕೊಂಡಿದ್ದರೋ ಅವರು ಈಗ ಅದನ್ನು ಅನುಮತಿಯ ಮೇಲೆ ಬಳಸುತ್ತಾರೆ. ಹಣದ ಲೆಕ್ಕದಲ್ಲಿ ಇದು ನ್ಯಾಯವೇ ಇರಬಹುದು. ಆದರೂ ಈ ಒಂದು ಸಾಲನ್ನು ಬರೆಯುವಾಗ ನನ್ನ ಮನಸ್ಸು ಪ್ರತಿ ಸಲವೂ ಭಾರವಾಗುತ್ತದೆ.

ಬೇಲಿಗಳನ್ನೇ ಕಿತ್ತುಹಾಕಬೇಕೆಂಬ ವಾದವೂ ಹಳೆಯದೇ. ಫ್ರಾಂಕ್ ಷೆಕ್ಟರ್ ಎಂಬ ಅಮೆರಿಕದ ವಕೀಲರು 1927ರಲ್ಲಿ ಬರೆದ ಪ್ರಬಂಧವೊಂದರಲ್ಲಿ, ಪ್ರಸಿದ್ಧ ಹೆಸರನ್ನು ಸಂಬಂಧವೇ ಇಲ್ಲದ ವಸ್ತುವಿಗೆ ಇಟ್ಟಾಗ ಕೊಳ್ಳುವವರಿಗೆ ಗೊಂದಲವಾಗದಿದ್ದರೂ ಹೆಸರಿಗೆ ಹಾನಿಯಾಗುತ್ತದೆ, ಅದರ ಅನನ್ಯತೆ ಸ್ವಲ್ಪ ಸ್ವಲ್ಪವೇ ಸವೆಯುತ್ತದೆ ಎಂದು ವಾದಿಸಿದರು. ಜರ್ಮನಿಯಲ್ಲಿ ಬಾಯಿ ತೊಳೆಯುವ ಔಷಧವಾದ ಓಡೋಲ್ ಹೆಸರನ್ನು ಉಕ್ಕಿನ ಸಾಮಾನುಗಳಿಗೆ ಬಳಸದಂತೆ ನ್ಯಾಯಾಲಯ ತಡೆದದ್ದು ಅವರಿಗೆ ಆಧಾರವಾಯಿತು. ಐದು ವರ್ಷಗಳ ನಂತರ ಅಮೆರಿಕದ ಶಾಸಕರ ಸಮಿತಿಯೊಂದರ ಮುಂದೆ ಅವರು ಕೊಟ್ಟ ಉದಾಹರಣೆ ಪ್ರಸಿದ್ಧವಾಗಿದೆ: ರೋಲ್ಸ್ ರಾಯ್ಸ್ ಹೋಟೆಲು, ರೋಲ್ಸ್ ರಾಯ್ಸ್ ಷರಾಯಿ, ರೋಲ್ಸ್ ರಾಯ್ಸ್ ಮಿಠಾಯಿ ಎಲ್ಲಕ್ಕೂ ಅವಕಾಶ ಕೊಟ್ಟರೆ ಹತ್ತು ವರ್ಷಗಳಲ್ಲಿ ರೋಲ್ಸ್ ರಾಯ್ಸ್ ಎಂಬ ಗುರುತೇ ಉಳಿಯಲಾರದು ಎಂಬುದು ಅವರ ಮಾತಿನ ತಾತ್ಪರ್ಯ.

ಈ ವಾದದ ಅರ್ಧವನ್ನು ನಾನು ಮನಸಾರೆ ಒಪ್ಪುತ್ತೇನೆ. ಕೊಡಾಕ್ ಎಂಬುದು 1888ರಲ್ಲಿ ಜಾರ್ಜ್ ಈಸ್ಟ್‌ಮನ್ ಅವರು ಕ್ಯಾಮೆರಾಕ್ಕಾಗಿ ಹುಟ್ಟಿಸಿದ ಪದ; ಅದಕ್ಕೂ ಮೊದಲು ಯಾವ ನಿಘಂಟಿನಲ್ಲೂ ಅದು ಇರಲಿಲ್ಲ. ಹತ್ತು ವರ್ಷಗಳ ನಂತರ ಇಂಗ್ಲೆಂಡಿನಲ್ಲಿ ಕೊಡಾಕ್ ಹೆಸರಿನ ಸೈಕಲ್ಲುಗಳು ಬಂದಾಗ ನ್ಯಾಯಾಲಯ ಅವುಗಳನ್ನು ತಡೆದದ್ದು ಸರಿಯೇ, ಏಕೆಂದರೆ ಆ ಪದ ಒಬ್ಬರ ಬಾಯಿಂದ ಹುಟ್ಟಿ, ಒಬ್ಬರ ದುಡಿಮೆಯಿಂದ ಬೆಳೆದದ್ದು. ಆದರೆ ತಾವರೆ, ಪಾರಿವಾಳ, ನಕ್ಷತ್ರ, ಸೇಬು ಯಾರ ಬಾಯಿಂದಲೂ ಹೀಗೆ ಹುಟ್ಟಿದವಲ್ಲ. ಕೆರೆಯಿಂದ ಒಂದು ಕೊಡ ನೀರು ತಂದವನು ಕೊಡದ ನೀರು ತನ್ನದೆಂದರೆ ಸರಿ, ಕೆರೆಯೇ ತನ್ನದೆಂದರೆ ಹೇಗೆ? 1989ರಲ್ಲಿ ಅಮೆರಿಕದಲ್ಲಿ ನಡೆದ ಮೊಕದ್ದಮೆಯೊಂದು ಈ ವಿಚಾರದಲ್ಲಿ ನನಗೆ ಬಹಳ ಹಿಡಿಸಿದೆ. ಲೆಕ್ಸಿಸ್ ಎಂಬುದು ವಕೀಲರು ತೀರ್ಪುಗಳನ್ನು ಹುಡುಕಲು ಬಳಸುವ ಗಣಕೀಕೃತ ಸೇವೆ; ಲೆಕ್ಸಸ್ ಎಂಬುದು ಟೊಯೋಟಾ ತರಲಿದ್ದ ಐಷಾರಾಮಿ ಕಾರು. ಕೆಳ ನ್ಯಾಯಾಲಯ ಕಾರಿನ ಹೆಸರಿಗೆ ತಡೆ ಕೊಟ್ಟಿತ್ತು. ಮೇಲ್ಮನವಿಯಲ್ಲಿ ಅದು ತೆರವಾಯಿತು. ಅಲ್ಲಿ ಪರಿಗಣನೆಗೆ ಬಂದ ಸಮೀಕ್ಷೆಯ ಪ್ರಕಾರ ವಕೀಲರಲ್ಲಿ ನೂರಕ್ಕೆ 76 ಜನ ಲೆಕ್ಸಿಸ್ ಎಂದೊಡನೆ ಆ ಸೇವೆಯನ್ನು ಗುರುತಿಸಿದರೆ, ಸಾಮಾನ್ಯ ಜನರಲ್ಲಿ ಅದನ್ನು ಗುರುತಿಸಿದವರು ನೂರಕ್ಕೆ ಒಬ್ಬರಷ್ಟೇ. ಒಂದು ಹೆಸರು ಒಂದು ವೃತ್ತಿಯವರ ನಡುವೆ ಸೂರ್ಯನಷ್ಟು ಪ್ರಸಿದ್ಧವಾಗಿದ್ದು, ಹೊಸ್ತಿಲು ದಾಟಿದೊಡನೆ ಕಾಣದಂತಾಗಬಹುದು ಎಂಬುದನ್ನು ಆ ಎರಡು ಅಂಕಿಗಳು ಹೇಳುತ್ತವೆ. ಕೀರ್ತಿಗೂ ಅಂಗಳವಿದೆ.

ಷೆಕ್ಟರ್ ಉದಾಹರಿಸಿದ ರೋಲ್ಸ್ ರಾಯ್ಸ್ ಹೆಸರೇ ಮುಂದೆ ಎರಡು ಮನೆಗಳಿಗೆ ಹಂಚಿಹೋಯಿತು. 1971ರಲ್ಲಿ ಆ ಸಂಸ್ಥೆ ದಿವಾಳಿಯಾಗಿ ಸರಕಾರದ ವಶಕ್ಕೆ ಹೋದ ಮೇಲೆ ಕಾರು ವಿಭಾಗವನ್ನು ವಿಮಾನದ ಎಂಜಿನ್ ವಿಭಾಗದಿಂದ ಬೇರ್ಪಡಿಸಲಾಯಿತು. 1998ರಲ್ಲಿ ಫೋಕ್ಸ್‌ವ್ಯಾಗನ್ ಆ ಕಾರಿನ ಕಾರ್ಖಾನೆಯನ್ನು ಕೊಂಡಿತು. ಕಾರಿನ ಮುಂಭಾಗದ ಜಾಲರಿಯ ಆಕಾರವೂ ಅದರ ಮೇಲಿನ ರೆಕ್ಕೆಯ ಪುತ್ಥಳಿಯೂ ಅದಕ್ಕೆ ದೊರೆತವು. ಹೆಸರು ಮಾತ್ರ ದೊರೆಯಲಿಲ್ಲ, ಏಕೆಂದರೆ ಅದು ಎಂಜಿನ್ ಸಂಸ್ಥೆಯ ಕೈಯಲ್ಲಿತ್ತು, ಮತ್ತು ಆ ಸಂಸ್ಥೆ ಅದನ್ನು 4 ಕೋಟಿ ಪೌಂಡುಗಳಿಗೆ ಬಿಎಂಡಬ್ಲ್ಯುಗೆ ಕೊಟ್ಟಿತು. ಕಾರ್ಖಾನೆ ಒಬ್ಬರಲ್ಲಿ, ಹೆಸರು ಇನ್ನೊಬ್ಬರಲ್ಲಿ. ಇಂದು ಆ ಹೆಸರಿನ ಕಾರಿಗೂ ಆ ಹೆಸರಿನ ವಿಮಾನ ಎಂಜಿನ್ನಿಗೂ ಒಡೆಯರು ಬೇರೆ ಬೇರೆ.

ಮರ್ಕ್ ಹೆಸರಿನ ಕಥೆ ಇದಕ್ಕಿಂತ ಆಳವಾಗಿ ಮನಸ್ಸನ್ನು ತಟ್ಟುತ್ತದೆ, ಏಕೆಂದರೆ ಅಲ್ಲಿ ಒಡೆದದ್ದು ಒಂದು ಮನೆತನ. 1668ರಲ್ಲಿ ಜರ್ಮನಿಯ ಡಾರ್ಮ್‌ಸ್ಟಾಟ್ ಊರಿನಲ್ಲಿ ಆ ಮನೆತನದವರೊಬ್ಬರು ಒಂದು ಔಷಧದಂಗಡಿಯನ್ನು ಕೊಂಡರು. ಅದು ಬೆಳೆದು ದೊಡ್ಡ ಕಾರ್ಖಾನೆಯಾಯಿತು. 1891ರಲ್ಲಿ ನ್ಯೂಯಾರ್ಕಿನಲ್ಲಿ ಅದರ ಶಾಖೆ ಆರಂಭವಾಯಿತು. ಮೊದಲನೆಯ ಮಹಾಯುದ್ಧದಲ್ಲಿ ಅಮೆರಿಕ ಶತ್ರುದೇಶದವರ ಆಸ್ತಿಗಳನ್ನು ವಶಪಡಿಸಿಕೊಂಡಾಗ ತಾಯಿಬೇರಿನಿಂದ ಆ ಕೊಂಬೆ ಕತ್ತರಿಸಿಹೋಯಿತು. ಇಂದು ಇವೆರಡೂ ಜಗತ್ತಿನ ದೊಡ್ಡ ಔಷಧ ಸಂಸ್ಥೆಗಳು, ಎರಡೂ ಒಂದೇ ಹೆಸರಿನವು, ಎರಡೂ ಒಂದೇ ವ್ಯಾಪಾರದವು. ಇಲ್ಲಿ 45 ವರ್ಗಗಳ ಬೇಲಿ ಕೆಲಸಕ್ಕೆ ಬರುವುದಿಲ್ಲ. ಆದ್ದರಿಂದ ಭೂಪಟದ ಮೇಲೆಯೇ ಗೆರೆ ಎಳೆಯಬೇಕಾಯಿತು. ಅಮೆರಿಕ ಮತ್ತು ಕೆನಡಾಗಳಲ್ಲಿ ಮರ್ಕ್ ಎಂದರೆ ಅಮೆರಿಕದ ಸಂಸ್ಥೆ. ಅಲ್ಲಿ ಜರ್ಮನಿಯ ಸಂಸ್ಥೆ ಇಎಂಡಿ ಎಂಬ ಅಕ್ಷರಗಳ ಮರೆಯಲ್ಲಿ ನಿಲ್ಲುತ್ತದೆ. ಉಳಿದ ಜಗತ್ತಿನಲ್ಲಿ ಮರ್ಕ್ ಎಂದರೆ ಜರ್ಮನಿಯದು. ಅಲ್ಲಿ ಅಮೆರಿಕದ ಸಂಸ್ಥೆ ಎಂಎಸ್‌ಡಿ ಎಂದಾಗುತ್ತದೆ. ಕಡಲು ದಾಟಿದೊಡನೆ ಇಬ್ಬರೂ ಹೆಸರು ಬದಲಿಸಿಕೊಳ್ಳಬೇಕು. ಔಷಧದ ವಿಚಾರದಲ್ಲಿ ಈ ಎಚ್ಚರವನ್ನು ನಾನು ಹೊರೆಯೆಂದು ನೋಡಲಾರೆ. ಸಾಬೂನು ಯಾರದೆಂದು ತಿಳಿಯದಿದ್ದರೆ ನಷ್ಟ ಚಿಕ್ಕದು, ಗುಳಿಗೆ ಯಾರದೆಂದು ತಿಳಿಯದಿರುವುದು ಚಿಕ್ಕ ಸಂಗತಿಯಲ್ಲ.

ಈ ಗೆರೆಗಳೆಲ್ಲ ನೆಲದ ಮೇಲಿನವು. ಅಂತರ್ಜಾಲದಲ್ಲಿ ನೆಲವೇ ಇಲ್ಲ. 2011ರಲ್ಲಿ ಫೇಸ್‌ಬುಕ್ಕಿನಲ್ಲಿ ಮರ್ಕ್ ಎಂಬ ವಿಳಾಸದ ಪುಟ ಜರ್ಮನಿಯ ಸಂಸ್ಥೆಯ ಕೈತಪ್ಪಿ ಅಮೆರಿಕದ ಸಂಸ್ಥೆಯ ಬರಹಗಳನ್ನು ತೋರಿಸತೊಡಗಿದಾಗ ಅವರು ನ್ಯೂಯಾರ್ಕಿನ ನ್ಯಾಯಾಲಯದ ಬಾಗಿಲು ತಟ್ಟಬೇಕಾಯಿತು. ಒಂದು ಹೆಸರಿಗೆ ಡಾಟ್ ಕಾಮ್ ಎಂದು ಕೊನೆಗೊಳ್ಳುವ ಜಾಲವಿಳಾಸ ಜಗತ್ತಿಗೆಲ್ಲ ಒಂದೇ. ಅದಕ್ಕೆ ವರ್ಗವಿಲ್ಲ, ಗಡಿಯಿಲ್ಲ, ಸುತ್ತಲಿನ ಮಾತೂ ಇಲ್ಲ. ಅಮೆರಿಕದಲ್ಲಿ ನಿಸ್ಸಾನ್ ಎಂಬ ಕುಲನಾಮದವರೊಬ್ಬರು ತಮ್ಮ ಹೆಸರಿನಲ್ಲೇ ಗಣಕಯಂತ್ರಗಳ ವ್ಯಾಪಾರ ನಡೆಸುತ್ತ, 1994ರಲ್ಲಿ ಆ ಹೆಸರಿನ ಜಾಲವಿಳಾಸವನ್ನು ನೋಂದಾಯಿಸಿಕೊಂಡರು. ಅವರ ಹೆಸರು ಹೀಬ್ರೂ ಪಂಚಾಂಗದ ಒಂದು ತಿಂಗಳಿನದು. ಅದೇ ಹೆಸರಿನ ಕಾರು ಸಂಸ್ಥೆಗೆ ಹೆಸರು ಬಂದದ್ದು ನಿಹೋನ್ ಸಾಂಗ್ಯೋ ಎಂಬ ಜಪಾನಿ ಪದಗಳ ಮೊಟಕಿನಿಂದ. ಎರಡೂ ಪ್ರಾಮಾಣಿಕ ಹೆಸರುಗಳೇ. 1999ರಲ್ಲಿ ಕಾರು ಸಂಸ್ಥೆ ಅವರ ಮೇಲೆ ಹೂಡಿದ ದಾವೆ ಹಲವು ವರ್ಷ ನಡೆಯಿತು. ಕೊನೆಗೆ ವಿಳಾಸ ಅವರಲ್ಲೇ ಉಳಿಯಿತು. ವನ್ಯಜೀವಿಗಳ ಸಂರಕ್ಷಣೆಗಾಗಿ 1961ರಲ್ಲಿ ಸ್ಥಾಪನೆಯಾದ, ಪಾಂಡಾ ಚಿಹ್ನೆಯ ಡಬ್ಲ್ಯುಡಬ್ಲ್ಯುಎಫ್ ಸಂಸ್ಥೆಗೂ ಅದೇ ಮೂರಕ್ಷರಗಳ ಕುಸ್ತಿ ಸಂಸ್ಥೆಗೂ 1994ರಲ್ಲಿ ಆದ ಒಪ್ಪಂದ ಮುರಿದುಬಿದ್ದದ್ದಕ್ಕೂ ಜಾಲವಿಳಾಸವೇ ಒಂದು ಕಾರಣ. 2002ರಲ್ಲಿ ಕುಸ್ತಿಯವರು ತಮ್ಮ ಕೊನೆಯ ಅಕ್ಷರವನ್ನು ಬದಲಿಸಿಕೊಂಡರು. ಪಾಂಡಾ ಮತ್ತು ಪೈಲ್ವಾನರನ್ನು ಯಾವ ಮಗುವೂ ಬೆರೆಸಿಕೊಳ್ಳುತ್ತಿರಲಿಲ್ಲ. ಬೆರೆಸಿದ್ದು, ಚಿತ್ರವನ್ನು ನೋಡದೆ ಅಕ್ಷರವನ್ನಷ್ಟೇ ಓದುವ ಯಂತ್ರ.

ನನಗೆ ಕಳವಳ ತರುವುದು ಇದೇ. ಒಂದು ಹೆಸರನ್ನು ಇಬ್ಬರು ಹೊತ್ತಾಗ ಗೊಂದಲವಾಗುತ್ತದೆಂದು ದೂರುವವರು, ಆ ಗೊಂದಲವನ್ನು ಇಷ್ಟು ಕಾಲ ತಡೆದದ್ದು ಕೇಳುವವರ ವಿವೇಕ ಎಂಬುದನ್ನು ಮರೆಯುತ್ತಾರೆ. ನಲ್ಲಿ ಸೋರುತ್ತಿದೆ ಎಂದು ಹೇಳುತ್ತಿರುವವನಿಗೆ ಎದುರಿನವನು ವಿಮಾನದ ಸಮಯ ಹೇಳುವುದಿಲ್ಲ. ಹುಡುಕಾಟದ ಪೆಟ್ಟಿಗೆಯೊಳಗೆ ಒಂಟಿ ಪದವೊಂದನ್ನು ಬರೆದಾಗಲಾದರೋ ಮೊದಲು ಕಾಣಿಸುವುದು ಆ ಹೆಸರಿನವರಲ್ಲಿ ಅತಿ ದೊಡ್ಡವರು. ಉಳಿದವರಿಗೆ ಹೆಸರಿನ ಮೇಲೆ ಕಾನೂನಿನ ಹಕ್ಕು ಇದ್ದೇ ಇರುತ್ತದೆ, ಯಾರೂ ಅದನ್ನು ಕಸಿದುಕೊಂಡಿರುವುದಿಲ್ಲ. ಆದರೂ ಅವರು ಹತ್ತನೆಯ ಪುಟಕ್ಕೆ ಸರಿದಿರುತ್ತಾರೆ. ಮೂರು ತಲೆಮಾರಿನಿಂದ ಒಂದು ಹೂವಿನ ಹೆಸರಿನಲ್ಲಿ ಪ್ರಾಮಾಣಿಕವಾಗಿ ದುಡಿದವರು, ನಿನ್ನೆ ಹುಟ್ಟಿದ ಸಂಸ್ಥೆಯೊಂದು ಅದೇ ಹೂವನ್ನು ಆರಿಸಿಕೊಂಡ ಕಾರಣಕ್ಕೆ ತಮ್ಮ ಹೆಸರಿನ ಮುಂದೆ ಇನ್ನೊಂದು ಪದವನ್ನು ಸೇರಿಸಿ ತಮ್ಮನ್ನು ತಾವೇ ವಿವರಿಸಿಕೊಳ್ಳಬೇಕಾಗುತ್ತದೆ. ಇದನ್ನು ತಡೆಯುವ ಕಲಮು ಯಾವ ಟ್ರೇಡ್‌ಮಾರ್ಕ್ ಕಾನೂನಿನಲ್ಲೂ ನನಗೆ ಕಂಡಿಲ್ಲ.

ಆ ದೂರಿನ ಪತ್ರವನ್ನು ನಾನು ಮತ್ತೊಮ್ಮೆ, ಈ ಸಲ ಸರಿಯಾದ ವಿಳಾಸಕ್ಕೆ ಕಳುಹಿಸಿದೆ. ಉಪಕರಣ ದುರಸ್ತಿಯಾಗಿ ಬಂತು, ಜೊತೆಗೆ ಅವರ ಒಂದು ಪತ್ರವೂ ಬಂತು. ಎರಡು ಪತ್ರಗಳ ತಲೆಯ ಮೇಲೂ ಒಂದೇ ಹೆಸರು. ಒಂದರಲ್ಲಿ ದುಂಡನೆಯ ನೀಲಿ ಅಕ್ಷರಗಳು, ಇನ್ನೊಂದರಲ್ಲಿ ಓರೆಯಾದ ಕೆಂಪು ಅಕ್ಷರಗಳು. ನನ್ನ ಕಾಗದಪತ್ರಗಳನ್ನು ನಾನು ಹೆಸರಿನ ಅಕಾರಾದಿಯಲ್ಲಿ ಜೋಡಿಸಿಡುವುದರಿಂದ ಅವೆರಡೂ ಈಗ ಒಂದೇ ಕಡತದಲ್ಲಿ, ಒಂದರ ಬೆನ್ನಿಗೆ ಒಂದು ಒರಗಿಕೊಂಡಿವೆ.